ಫಿಲೊಮೆನಳ ಕೊಪ್ಪರಿಗೆ

ಪೀಚ್ ಗಿಡಗಳು ಎಲೆ ಬಿಡುವ ಮೊದಲೇ ಮೈತುಂಬ ಹೂ ಹೊತ್ತು ನಿಲ್ಲುವ ಕಾಲ. ಬೆಳಗಿನ ಒಂಬತ್ತು ಹೊಡೆದು ಒಂದಿಷ್ಟು ಹೊತ್ತಾಗಿತ್ತು. ಮೋಂತ್ರೆಯ್ ಊರಂಚಿನ ಸಿನಿಮಾ ಕಂಪನಿಯ ಗಾಜಿನ ಮನೆಯಲ್ಲಿ ಮದುವೆಯ ದಿಬ್ಬಣವೊಂದು ಮುಖಕ್ಕೆ ಬಣ್ಣ ಬಳಿದುಕೊಂಡು ಬಿಸಿಲಿಗೆ ಕಾಯುತ್ತ ಕೂತಿತ್ತು. ಸಿನಿಮಾದವರ ಕಸುಬೇ ಹಾಗೆ. ಸೂರ್ಯ ಮುಖ ತೋರಿಸಿದರೆ ಮದುವೆ, ಮೋಡ ಕವಿದರೆ ಇಸ್ಪೀಟು. ಮದುಮಗ ಪಾದ್ರಿಯ ಎದುರು ಕೂತು ಎಲೆ ಹಾಕುತ್ತಿದ್ದ. ಹೆಣ್ಣಿನ ಅಪ್ಪ ರಟ್ಟಿನ ಕಂಬಕ್ಕೆ ಒರಗಿ ಗೊರಕೆ ಹೊಡೆಯುತ್ತಿದ್ದ.

ಮೆಟ್ಟಿಲ ಕೆಳಗಿನ ಮೂಲೆ ಒಕ್ತಾವಿಯದು. ಗಂಡ ಒನೊರೆ ಎದೆಜ್ವರದಲ್ಲಿ ತೀರಿಕೊಂಡ ಮೇಲೆ ಪೀಚ್ ತೋಟವನ್ನು ಅವನ ಅಕ್ಕನಿಗೆ ಬಿಟ್ಟು, ಅವಳು ಈ ಕಂಪನಿಯಲ್ಲಿ ಬಟ್ಟೆ ಹೊಲಿಯುವುದಕ್ಕೆ ಸೇರಿದ್ದಳು. ಕಂಪನಿಯಲ್ಲಿ ವಾರಕ್ಕೊಂದು ಮದುವೆ ಆಗುತ್ತಿತ್ತು. ಒಂದೂ ನೆಟ್ಟಗೆ ಆಗುತ್ತಿರಲಿಲ್ಲ. ಮದುಮಗ ಬಾವಿಗೆ ಬೀಳುತ್ತಿದ್ದ, ಇಲ್ಲವೇ ಮದುಮಗಳನ್ನು ಹಾಲಿನ ಗಾಡಿ ಎಳೆದುಕೊಂಡು ಹೋಗುತ್ತಿತ್ತು, ಇಲ್ಲವೇ ಬೀಗರು ಹೂಕೋಸಿನಲ್ಲಿ ಹೊಡೆದಾಡಿಕೊಳ್ಳುತ್ತಿದ್ದರು. ನೆಟ್ಟಗೆ ನಡೆದ ಮದುವೆ ನೋಡಲು ಜನ ಕಾಸು ಕೊಡುವುದಿಲ್ಲ. ಅದಕ್ಕೇ ಪ್ರತಿ ಮದುಮಗಳಿಗೂ ಒಕ್ತಾವಿ ಮೂರು ಬಿಳಿ ಉಡುಪು ಹೊಲಿಯುತ್ತಿದ್ದಳು. ಒಂದು, ಸುಮ್ಮನೆ ನಿಂತು ನಗುವ ಚೆಂದದ ಹುಡುಗಿಗೆ. ಇನ್ನೊಂದು ಅವಳ ಬದಲು ಬೀಳುವ ಇಸಿದೋರನಿಗೆ. ಮೂರನೆಯದು ಕೆಸರಾದ ಮೇಲೆ ಮತ್ತೆ ಬೀಳಬೇಕಾಗಿ ಬಂದರೆ.

ಇಸಿದೋರ್ ಸರ್ಕಸ್ಸಿನಲ್ಲಿ ಲಾಗ ಹಾಕಿ ಹಣ್ಣಾದವನು. ಐವತ್ತರ ಹತ್ತಿರ ವಯಸ್ಸು, ಪೀಪಾಯಿಯಂಥ ಮೈ. ಮಹಡಿ ಮೆಟ್ಟಿಲ ಮೇಲಿಂದ ಉರುಳಿಬಿಟ್ಟರೆ ಬೆಕ್ಕಿನ ಹಾಗೆ ಕಾಲ ಮೇಲೆ ನಿಲ್ಲುತ್ತಿದ್ದ. ಮದುಮಗಳಾಗುವ ಕೆಲಸಕ್ಕಾಗಿ ಮೀಸೆ ಬೋಳಿಸಿಕೊಂಡಿದ್ದ. ಊರಿನಲ್ಲಿ ಮೀಸೆ ಇಲ್ಲದ ಗಂಡಸರೆಂದರೆ ಪಾದ್ರಿ, ಹೋಟೆಲ್ ಮಾಣಿಗಳು ಮತ್ತು ಇವನು.

ಆ ಬೆಳಿಗ್ಗೆ ಬೆನ್ನಿನ ಹೊಲಿಗೆ ಬಿಚ್ಚಿಕೊಂಡು ಅವನು ಮೆಟ್ಟಿಲ ಕೆಳಗೆ ಬಂದು ನಿಂತ.

"ಮದಾಮ್ ಒಕ್ತಾವಿ, ಮತ್ತೆ ಹರೀತು."

ಒಕ್ತಾವಿ ಬಾಯಿ ತುಂಬ ಗುಂಡುಸೂಜಿ ಕಚ್ಚಿಕೊಂಡಿದ್ದಳು. ಬೆರಳಾಡಿಸಿ, ತಿರುಗು ಅಂದಳು. ಅವನು ತಿರುಗಿ ನಿಂತ. ಉಟ್ಟ ಬಟ್ಟೆಯ ಮೇಲೇ ಅವಳು ಹೊಲಿಯತೊಡಗಿದಳು.

"ನಾನೊಂದು ಮಾತು ಕೇಳ್ಬೇಕಿತ್ತು," ಅಂದ ಗೋಡೆಯ ಕಡೆ ನೋಡುತ್ತ.

"ಹ್ಞೂಂ."

"ಅದೇ ಹಳೇ ಮಾತು."

ಯಾವಾಗಲೂ ಅವಳ ಬಾಯಲ್ಲಿ ಸೂಜಿ ಇರುವಾಗಲೇ ಕೇಳುತ್ತಿದ್ದ. ಇಲ್ಲ ಅನ್ನುವುದಕ್ಕಾದರೂ ಅವಳು ಸೂಜಿ ತೆಗೆಯಬೇಕು. ತೆಗೆಯುವಷ್ಟರಲ್ಲಿ ಬಿಸಿಲು ಬಂದು ಯಾರಾದರೂ ಕೂಗುತ್ತಾರೆ ಎಂಬುದು ಅವನ ಧೈರ್ಯ. ಆ ದಿನ ಬಿಸಿಲು ಬರಲಿಲ್ಲ. ಒಕ್ತಾವಿ ಸೂಜಿಗಳನ್ನು ಒಂದೊಂದಾಗಿ ತೆಗೆದು ಮಣಿಕಟ್ಟಿನ ಮೆತ್ತೆಗೆ ಚುಚ್ಚಿದಳು.

"ಮೊಸ್ಯೂ ಇಸಿದೋರ್, ಬಿಳಿ ಲಂಗ ಉಟ್ಕೊಂಡು ಹೆಣ್ಣು ಕೇಳೋಕೆ ಬಂದ ಗಂಡಸನ್ನ ನಾನು ಎಲ್ಲೂ ಕಂಡಿಲ್ಲ."

"ಕೋಟು ಹಾಕ್ಕೊಂಡು ಬಂದಾಗ್ಲೂ ಕೇಳಿದ್ದೆ. ನೀವು ಬಾಯಿ ಬಿಡ್ಲಿಲ್ಲ. ಈ ವೇಷಕ್ಕಾದ್ರೂ ಕರುಣೆ ಹುಟ್ಟುತ್ತೇನೋ ಅಂತ."

"ಆಗ್ಲಿ."

"ಏನು ಆಗ್ಲಿ?"

"ಆಗ್ಲಿ ಅಂದೆ. ಕುಣೀಬೇಡಿ, ಸೂಜಿ ಇನ್ನೂ ಬೆನ್ನಲ್ಲೇ ಇದೆ. ಆದ್ರೆ ಒಂದು ಮಾತು. ಆವತ್ತು ಒಂದೇ ಒಂದು ತಪ್ಪಲೆ ಸದ್ದು ನನ್ನ ಕಿವಿಗೆ ಬಿದ್ರೂ, ಎಲ್ಲಿದ್ದೀನೋ ಅಲ್ಲಿಂದ್ಲೇ ವಾಪಸ್ಸು ಮನೆಗೆ. ಮೇಯರ್ ಎದುರು ನಿಂತಿದ್ರೂ ಸೈ."

ಇಸಿದೋರ್ ನಗಲಿಲ್ಲ. ತಪ್ಪಲೆಯ ವಿಷಯ ಅವನಿಗೂ ಗೊತ್ತಿತ್ತು.

ಗಂಡ ಸತ್ತ ಹೆಣ್ಣು ಮತ್ತೆ ಮದುವೆಯಾದರೆ ಸತ್ತವನ ಕಡೆಯವರು ಬೀದಿಯವರನ್ನೆಲ್ಲ ಕೂಡಿಸಿಕೊಂಡು ತಪ್ಪಲೆ, ಬಾಣಲೆ, ಮುಚ್ಚಳ ಬಡಿಯುತ್ತಾರೆ. ಅವಳು ಹೊಸಿಲು ದಾಟಿದ್ದರಿಂದ ಹಿಡಿದು ಪುರಭವನದವರೆಗೆ, ಅಲ್ಲಿಂದ ಮತ್ತೆ ಮನೆಯ ಕಿಟಕಿಯವರೆಗೆ, ದಿನದಿನವೂ ಬಡಿಯುತ್ತಾರೆ. ನಿಲ್ಲಿಸುವುದಕ್ಕೆ ಇರುವುದು ಒಂದೇ ದಾರಿ. ಹೊಸ ಗಂಡ ತನ್ನ ಕೈಯಾರೆ ವೈನ್ ಬಗ್ಗಿಸಿ ಕೊಡಬೇಕು. ಅವನ ಕೈಯಿಂದ ಒಂದು ಗುಟುಕು ಕುಡಿದವನು ತಪ್ಪಲೆಯನ್ನು ಗೋಡೆಗೆ ತೂಗುಹಾಕಬೇಕು. ಆಮೇಲೆ ಬಡಿದರೆ ಬಡಿದವನಿಗೇ ಕೇಡು. ಬಹುಪಾಲು ಮಂದಿಗೆ ಇದೊಂದು ತಮಾಷೆ.

ಒಕ್ತಾವಿಗೆ ಅಲ್ಲ. ಅವಳ ತಾಯಿ ಹಳ್ಳಿಯಲ್ಲಿ ಎರಡನೇ ಮದುವೆಯಾದಾಗ ಒಕ್ತಾವಿ ಸಣ್ಣವಳು. ಹೊಸ ಅಪ್ಪ ಗಾಡಿ ಚಕ್ರ ಮಾಡುವವನು, ಬಡವ, ಮೆದು ಮನುಷ್ಯ. ಬಗ್ಗಿಸಿ ಕೊಡಲು ಅವನ ಹತ್ತಿರ ವೈನ್ ಇರಲಿಲ್ಲ. ತಾಯಿ ಕಿಟಕಿಗಳನ್ನೆಲ್ಲ ಮುಚ್ಚಿ, ಮಗಳ ಕಿವಿಗೆ ದಿಂಬು ಒತ್ತಿ ಹಿಡಿದಿದ್ದಳು. ದಿಂಬಿನೊಳಗಿಂದಲೂ ಕೇಳಿಸುತ್ತಿತ್ತು. ಮೂರನೆಯ ಬೆಳಿಗ್ಗೆ ಹೊಸಿಲ ಹತ್ತಿರ ಅವನ ಬೂಟು ಇರಲಿಲ್ಲ. ಎಲ್ಲಿಗೆ ಹೋದನೋ ಮತ್ತೆ ಬರಲಿಲ್ಲ. ತಾಯಿ ಆಮೇಲೆ ಯಾವ ಗಂಡಸಿನ ಹೆಸರೂ ಎತ್ತಲಿಲ್ಲ.

*

ಮದುವೆಯ ಸುದ್ದಿಯನ್ನು ಪುರಭವನದ ಬಾಗಿಲಿಗೆ ಅಂಟಿಸಿದ ದಿನವೇ ಫಿಲೊಮೆನ್ ಬಂದಳು. ಒನೊರೆಯ ಅಕ್ಕ ಅವಳೇ. ಮದುವೆಯಿಲ್ಲದೆ ಪೀಚ್ ತೋಟದಲ್ಲೇ ಕೂದಲು ಬೆಳ್ಳಗಾದವಳು. ಮೋಂತ್ರೆಯ್‌ನಲ್ಲಿ ತೋಟಗಳೆಲ್ಲ ಎತ್ತರದ ಗೋಡೆಗಳ ನಡುವೆ. ಬಿಸಿಲು ಕಾದ ಗೋಡೆಗೆ ಕೊಂಬೆಗಳನ್ನು ಬಟ್ಟೆಚೂರಿನಿಂದ ಕಟ್ಟಿ ಬೆಳೆಸುತ್ತಾರೆ. ಆ ಗೋಡೆಯ ಸಣ್ಣ ಬಾಗಿಲು ದಾಟಿ ಬಂದವಳ ಕಂಕುಳಲ್ಲಿ ಜಾಮ್ ಕಾಯಿಸುವ ದೊಡ್ಡ ತಾಮ್ರದ ಕೊಪ್ಪರಿಗೆ ಇತ್ತು. ಒಕ್ತಾವಿಯ ಅಡುಗೆಮನೆಯಲ್ಲೇ ಕೂತು ಅದನ್ನು ಬೂದಿಯಲ್ಲಿ ತಿಕ್ಕತೊಡಗಿದಳು.

"ಜಾಮ್ ಕಾಲ ಇನ್ನೂ ದೂರ ಇದೆಯಲ್ಲ, ಅತ್ತಿಗೆ," ಅಂದಳು ಒಕ್ತಾವಿ.

"ಜಾಮಿಗಲ್ಲ. ಬೆಳಗಿದ ತಾಮ್ರಕ್ಕೆ ಸದ್ದು ಜಾಸ್ತಿ."

"ನಿಮ್ಮ ತಮ್ಮ ಹೋಗಿ ಒಂಬತ್ತು ವರ್ಷ ಆಯ್ತು. ಅಷ್ಟೂ ವರ್ಷ ಅವನ ಗೋರಿಗೆ ಹೂ ಇಟ್ಟಿದ್ದು ಯಾರು?"

"ನೀನೇ ಇಟ್ಟೆ. ಇಲ್ಲ ಅಂದೆನಾ? ಇಟ್ಟವಳು ಇನ್ನೂ ಇಡ್ತಾ ಇರ್ಬಹುದಿತ್ತು. ಹೋಗ್ಲಿ, ಗಂಡಸನ್ನಾದ್ರೂ ಹುಡುಕಿದ್ಯಾ? ಮೀಸೆ ಇಲ್ಲ. ಲಂಗ ಉಡ್ತಾನೆ. ಮೊನ್ನೆ ಡೇರೆ ಸಿನಿಮಾದಲ್ಲಿ ನೋಡ್ದೆ, ಕತ್ತೆ ಮೇಲಿಂದ ಬಿದ್ದ. ಕತ್ತೆಗೇ ನಾಚಿಕೆಯಾಯ್ತು."

"ಬಿದ್ರೂ ಎದ್ನಲ್ಲ."

"ಎದ್ದ. ಲಂಗ ಕೊಡವಿಕೊಂಡು ಎದ್ದ." ಫಿಲೊಮೆನ್ ಕೊಪ್ಪರಿಗೆಯನ್ನು ಬೆಳಕಿಗೆ ಹಿಡಿದು ತನ್ನ ಮುಖ ನೋಡಿಕೊಂಡಳು. "ನೋಡು ಒಕ್ತಾವಿ, ನಾನೇನು ರಾಕ್ಷಸಿ ಅಲ್ಲ. ಪದ್ಧತಿ ಪದ್ಧತಿಯೇ. ಚೌಕದ ಹೋಟೆಲಲ್ಲಿ ಒಂದು ಪೀಪಾಯಿ ತೆಗೆಸಿ, ಅವನು ಟೋಪಿ ತೆಗೆದು ನಮಗೆಲ್ಲ ಬಗ್ಗಿಸಿ ಕೊಡ್ಲಿ. ನಾವು ಒಂದು ಸಲ ಬಡಿದು ಸುಮ್ಮನಾಗ್ತೀವಿ."

"ಒಂದು ಸಲಾನೂ ಬೇಡ. ನನ್ನ ಮದುವೆನ ನಾನು ಬೀದಿಯವರಿಂದ ಕೊಂಡ್ಕೊಳ್ಳಲ್ಲ."

"ಹಾಗಾದ್ರೆ ಕಿವಿಗೆ ಹತ್ತಿ ಇಟ್ಕೋ," ಅಂದು ಫಿಲೊಮೆನ್ ಎದ್ದಳು. ಬಾಗಿಲಲ್ಲಿ ನಿಂತು ಬೆರಳಗೆಣ್ಣಿನಿಂದ ಕೊಪ್ಪರಿಗೆಯನ್ನು ಒಮ್ಮೆ ಕುಟ್ಟಿದಳು. ದೇವಾಲಯದ ಗಂಟೆಯ ಹಾಗೆ ಅದು ಬಹಳ ಹೊತ್ತು ಗುಂಯ್‌ಗುಟ್ಟಿತು. ಒಕ್ತಾವಿ ಕೈಯಲ್ಲಿದ್ದ ಬಟ್ಟಲು ಇಟ್ಟು ಕಿಟಕಿ ಮುಚ್ಚಿದಳು. ಅದನ್ನು ಫಿಲೊಮೆನ್ ನೋಡಲಿಲ್ಲ.

*

ಆ ವಾರ ಕಂಪನಿಯಲ್ಲಿ ಬೇರೆಯೇ ಗೋಳು. ಮೊಸ್ಯೂ ಗುಪಿಲ್ ಎಂಬ ನಿರ್ದೇಶಕ ಮದುಮಗಳು ದಿಬ್ಬಣ ಬಿಟ್ಟು ಓಡಿಹೋಗುವ ಚಿತ್ರ ತೆಗೆಯುತ್ತಿದ್ದ. ಅವಳ ಹಿಂದೆ ಊರಿಗೆ ಊರೇ ಓಡಬೇಕು. ಕೂಲಿಗೆ ಕರೆದ ಜನ ಓಡಿದರು, ಆದರೆ ಭಾನುವಾರ ಪೂಜೆಗೆ ಹೋಗುವವರ ಹಾಗೆ, ಟೋಪಿ ಬೀಳದಂತೆ ಹಿಡಿದುಕೊಂಡು ಓಡಿದರು.

"ಇವರ ಅಜ್ಜಿ ತೊಟ್ಟಿಲಲ್ಲಿ ಇದಕ್ಕಿಂತ ಜೋರಾಗಿ ಓಡ್ತಿದ್ಲು!" ಗುಪಿಲ್ ತಲೆಯ ಟೋಪಿ ತೆಗೆದು ನೆಲಕ್ಕೆ ಬಡಿದ. "ಕೋಪ ಬೇಕು ನನಗೆ! ಎಲ್ಲಿ ತರ್ಲಿ ನಾನು ಕೋಪ? ಅದು ಬೇರೆ, ನನ್ನ ಬೀಳೋ ಮದುಮಗಳು ಶನಿವಾರ ರಜಾ ಅಂತಾಳೆ. ಯಾಕಪ್ಪಾ ಅಂದ್ರೆ ಅವಳಿಗೇ ಮದುವೆ ಅಂತೆ!"

ಒಕ್ತಾವಿ ಮೆಟ್ಟಿಲ ಕೆಳಗಿನಿಂದ ಇದನ್ನೆಲ್ಲ ಕೇಳುತ್ತಿದ್ದಳು. ಮಡಿಲಲ್ಲಿ ಮೂರು ಮುಸುಕುಗಳಿದ್ದವು. ಮೂರನ್ನೂ ಮಡಿಸಿ ಎತ್ತಿಕೊಂಡು ಅವಳು ಗುಪಿಲನ ಮುಂದೆ ಹೋಗಿ ನಿಂತಳು. ಹತ್ತು ಮಾತಿಗೆ ಒಂದು ಮಾತು ಆಡುವ ಹೆಂಗಸು ಅವಳು. ಅವನು ಬೆರಗಾಗಿ ನೆಲದ ಟೋಪಿ ಎತ್ತಿಕೊಂಡ.

"ಮೊಸ್ಯೂ, ನಮ್ಮ ಬೀದಿಯವರು ಓಡ್ತಾರೆ. ಕೋಪ ಅವರೇ ತರ್ತಾರೆ. ಪಾತ್ರೆನೂ ಅವರೇ ತರ್ತಾರೆ."

"ಎಷ್ಟು ಜನ?"

"ಬೀದಿ ಪೂರ್ತಿ. ನೀವು ಮೂರು ಜನ ಗಟ್ಟಿ ಗಂಡಸರನ್ನ ಕೊಡಿ, ಬಿಳಿ ಬಟ್ಟೆ ನಾನು ಕೊಡ್ತೀನಿ. ಓಡಿ ದಣಿದವರಿಗೆ ಯಾವಾಗಿನ ಹಾಗೆ ಕಂಪನಿಯ ರೊಟ್ಟಿ, ವೈನ್ ಇರ್ಲಿ. ಪೀಪಾಯಿ ಮಾತ್ರ ಪುರಭವನದ ಮುಂದಿನ ಚೌಕದಲ್ಲಿ ಇಡಿಸಿ."

"ಅಲ್ಲೇ ಯಾಕೆ?"

"ನೆರಳಿದೆ," ಅಂದಳು ಒಕ್ತಾವಿ.

ಆ ವಾರವೆಲ್ಲ ಇಸಿದೋರ್ ಗಾಜಿನ ಮನೆಯ ಹಿಂದೆ ಹುಲ್ಲು ಹಾಸಿಕೊಂಡು ಬಡಗಿ ಗ್ರೆಗ್ವಾರನಿಗೂ ಇನ್ನಿಬ್ಬರು ರಂಗದ ಆಳುಗಳಿಗೂ ಬೀಳುವುದನ್ನು ಕಲಿಸಿದ. ಗ್ರೆಗ್ವಾರ್ ಬಾಗಿಲ ಚೌಕಟ್ಟಿನಷ್ಟು ಎತ್ತರ. ಒಕ್ತಾವಿ ಲಂಗಕ್ಕೆ ಎರಡು ಗೇಣು ಬಟ್ಟೆ ಕೂಡಿಸಬೇಕಾಯಿತು.

"ಮೊದಲು ಕುಂಡಿ, ಆಮೇಲೆ ಬೆನ್ನು, ಆಮೇಲೆ ಮಾನ," ಎಂದು ಇಸಿದೋರ್ ಪಾಠ ಹೇಳುತ್ತಿದ್ದ. "ಮಾನ ಕಡೇಲಿ ಬಿದ್ರೆ ಪೆಟ್ಟಾಗಲ್ಲ."

*

ಈಸ್ಟರ್ ಕಳೆದ ಶನಿವಾರ ಬೆಳಿಗ್ಗೆ ಆಕಾಶದಲ್ಲಿ ಒಂದು ಚೂರು ಮೋಡವೂ ಇರಲಿಲ್ಲ. ಒಕ್ತಾವಿಯ ಮನೆಯ ಮುಂದೆ ಬೀದಿಯವರು ಸೇರಿದ್ದರು. ರೊಟ್ಟಿ ಅಂಗಡಿಯವನು ತಗಡಿನ ತಟ್ಟೆ ತಂದಿದ್ದ, ಅಗಸಗಿತ್ತಿ ಬಕೀಟು ತಂದಿದ್ದಳು. ಎಲ್ಲರ ಮುಂದೆ ಕಪ್ಪು ಶಾಲು ಹೊದ್ದ ಫಿಲೊಮೆನ್. ಎಡಗೈಯಲ್ಲಿ ಕೊಪ್ಪರಿಗೆ, ಬಲಗೈಯಲ್ಲಿ ಮರದ ಸೌಟು. ಬೀದಿ ತುದಿಯಲ್ಲಿ ಒಂದು ತರಕಾರಿ ಗಾಡಿ ನಿಂತಿತ್ತು. ಎಲೆಕೋಸಿನ ನಡುವೆ ಕ್ಯಾಮೆರಾದ ಕಣ್ಣು ಹೊಳೆಯುತ್ತಿದ್ದುದನ್ನು ಯಾರೂ ಗಮನಿಸಲಿಲ್ಲ.

ಬಾಗಿಲು ತೆರೆಯಿತು. ಹೊರಗೆ ಬಂದದ್ದು ಬೂದು ಬಣ್ಣದ ಉಡುಪಲ್ಲ, ವಿಧವೆಗೆ ಒಪ್ಪುವ ಸಣ್ಣ ಟೋಪಿಯೂ ಅಲ್ಲ. ಅಪ್ಪಟ ಬಿಳಿ! ಕನ್ಯೆ ಉಡುವ ಬಿಳಿ, ಮುಖ ಮುಚ್ಚುವ ಮುಸುಕು, ತಲೆಗೆ ಕಿತ್ತಳೆ ಹೂವಿನ ದಂಡೆ.

ಬೀದಿಗೆ ಒಂದು ಗಳಿಗೆ ಉಸಿರು ನಿಂತಿತು.

"ಬಿಳಿ ಉಟ್ಟಿದ್ದಾಳೆ!" ಫಿಲೊಮೆನ್ ಕಿರುಚಿದಳು. "ನನ್ನ ತಮ್ಮನ ಹೆಂಡತಿ ಬಿಳಿ ಉಟ್ಟಿದ್ದಾಳೆ! ಬಡೀರಿ!"

ಬಡಿತ ಬಿತ್ತು. ಮದುಮಗಳು ಲಂಗ ಎತ್ತಿ ಹಿಡಿದು ಕಾಲು ಕಿತ್ತಳು. ಹೆಂಗಸಿಗೆ ಇಷ್ಟು ಉದ್ದದ ಕಾಲು ಎಲ್ಲಿಂದ ಬಂತು ಎಂದು ಯೋಚಿಸಲು ಯಾರಿಗೂ ಪುರಸೊತ್ತಿರಲಿಲ್ಲ. ಬೀದಿಗೆ ಬೀದಿಯೇ ಹಿಂದೆ ಓಡಿತು. ಮೂಲೆಯಲ್ಲಿ ಮದುಮಗಳು ತೋಟದ ಬಾಗಿಲಿನಲ್ಲಿ ನುಗ್ಗಿ ಮಾಯವಾದಳು. ಅದರ ಪಕ್ಕದ ಬಾಗಿಲಿನಿಂದ ಇನ್ನೊಬ್ಬಳು ಹೊರಬಿದ್ದಳು. ಗೋಡೆಯ ಮೇಲೆ ಮೂರನೆಯವಳು ಕಾಲಾಡಿಸುತ್ತ ಕೂತಿದ್ದಳು.

"ಮೂರು ಜನ ಆದ್ಲಲ್ಲೋ!" ಅಂದ ರೊಟ್ಟಿ ಅಂಗಡಿಯವನು.

"ಸಿನಿಮಾದವರ ಮೋಸ!" ಎಂದು ಅಗಸಗಿತ್ತಿ ಏದುಸಿರಲ್ಲೇ ಅಂದಳು. "ಆದ್ರೂ ಹಿಡೀರಿ, ಬಿಡ್ಬೇಡಿ!"

ಗೊತ್ತಾದ ಮೇಲೂ ಯಾರೂ ನಿಲ್ಲಲಿಲ್ಲ. ಕಾಲಿಗೆ ಓಟ ಹತ್ತಿಬಿಟ್ಟರೆ ಬುದ್ಧಿ ಹಿಂದೆ ಉಳಿಯುತ್ತದೆ. ತರಕಾರಿ ಗಾಡಿ ಗಡಗಡ ಉರುಳಿಕೊಂಡು ಜೊತೆಗೇ ಬಂತು. ಎಲೆಕೋಸಿನ ಮೇಲೆ ನಿಂತು ಗುಪಿಲ್ ಕೈಬೀಸುತ್ತಿದ್ದ. "ಜೋರಾಗಿ! ಇನ್ನೂ ಜೋರಾಗಿ ಬಡೀರಿ! ಶಭಾಷ್, ಕೊಪ್ಪರಿಗೆ ಅಜ್ಜೀ!"

"ಅಜ್ಜಿ ನಿಮ್ಮಮ್ಮ!" ಅಂದಳು ಫಿಲೊಮೆನ್. ಆದರೆ ಇನ್ನೂ ಜೋರಾಗಿ ಬಡಿದಳು.

ಸದ್ದು ದೂರವಾದ ಮೇಲೆ ಒಕ್ತಾವಿ ಕಿವಿಯಿಂದ ಹತ್ತಿ ತೆಗೆದು ಹೊಸಿಲು ದಾಟಿದಳು. ಬೂದು ಉಡುಪು, ಸಣ್ಣ ಟೋಪಿ. ಬಾಗಿಲ ಕಂಬದ ಹತ್ತಿರ ಇಸಿದೋರ್ ಕಪ್ಪು ಕೋಟಿನಲ್ಲಿ ನಿಂತಿದ್ದ. ಮೇಲ್ತುಟಿಯ ಮೇಲೆ ಎರಡು ವಾರದ ಮೀಸೆ, ಕುಂಚದಿಂದ ಒಮ್ಮೆ ಒರೆಸಿದ ಹಾಗೆ. ಅವಳು ಅವನ ತೋಳಿಗೆ ಕೈ ಕೊಟ್ಟಳು. ಬೀದಿ ಖಾಲಿ. ಒಂದು ಬೆಕ್ಕು, ತೆರೆದ ಬಾಗಿಲುಗಳು, ಒಲೆಯ ಮೇಲೆ ಯಾರದೋ ಸಾರು ಕುದಿಯುತ್ತಿದ್ದ ವಾಸನೆ. ತಮ್ಮ ಬೂಟಿನ ಸದ್ದು ತಮಗೇ ಕೇಳಿಸುತ್ತಿತ್ತು.

"ಬಹಳ ನಿಶ್ಶಬ್ದ ಅಲ್ವಾ?" ಅಂದ ಇಸಿದೋರ್.

"ಮಾತಾಡ್ಬೇಡಿ," ಅಂದಳು. "ಹೀಗೇ ಇರ್ಲಿ."

ಪುರಭವನದಲ್ಲಿ ಮೇಯರ್ ಮೂರು ಬಣ್ಣದ ಪಟ್ಟಿ ಸುತ್ತಿಕೊಂಡು ಕಾಯುತ್ತಿದ್ದ. ಸಾಕ್ಷಿಗೆ ಬಂದವರು ಚಿತ್ರದ ಪಾದ್ರಿ ಮತ್ತು ಚಿತ್ರದ ಹೆಣ್ಣಿನಪ್ಪ. ಇಬ್ಬರ ಕಿವಿಯ ಹಿಂದೆಯೂ ಬಣ್ಣ ಉಳಿದಿತ್ತು. ಮೇಯರ್ ಕಾನೂನಿನ ಸಾಲುಗಳನ್ನು ಓದಿದ. ಇಸಿದೋರನನ್ನು ಕೇಳಿದ, ಇಸಿದೋರ್ ಹೌದು ಅಂದ. ಆಮೇಲೆ ಒಕ್ತಾವಿಯ ಕಡೆ ತಿರುಗಿದ.

ಅಷ್ಟರಲ್ಲಿ ತಪ್ಪಲೆಯ ಸದ್ದು ಬಂತು.

ಗ್ರೆಗ್ವಾರ್ ಊರಾಚೆ ಕಲ್ಲುಗಣಿಯ ಕಡೆ ಓಡಬೇಕಿತ್ತು. ಅವನು ಬೇರೆ ಊರಿನವನು. ಆ ಗೋಡೆಗಳ ನಡುವೆ ಹುಟ್ಟಿದವರೇ ದಾರಿ ತಪ್ಪುತ್ತಾರೆ. ಮುಖದ ಮೇಲೆ ಮುಸುಕು ಹಾಕಿಕೊಂಡವನ ಪಾಡೇನು? ಸುತ್ತಿ ಸುತ್ತಿ ನೇರ ಚೌಕಕ್ಕೇ ಬಂದುಬಿಟ್ಟಿದ್ದ, ಹಿಂದೆ ಬೀದಿಯವರನ್ನೆಲ್ಲ ಕಟ್ಟಿಕೊಂಡು. ಕಿಟಕಿಯ ಗಾಜು ಅದುರಿತು. ಎಲ್ಲ ಸದ್ದಿನ ಮೇಲೆ ಕೊಪ್ಪರಿಗೆ ಗುಂಯ್ ಗುಂಯ್ ಅನ್ನುತ್ತಿತ್ತು.

ಒಕ್ತಾವಿಯ ಕೈಗಳು ತಾವಾಗಿಯೇ ಕಿವಿಯ ಕಡೆ ಎದ್ದವು. ಮೇಯರ್ ಮತ್ತೊಮ್ಮೆ ಕೇಳಿದ. ಅವಳು ಬಾಗಿಲ ಕಡೆ ತಿರುಗಿದಳು.

ಇಸಿದೋರ್ ತಡೆಯಲಿಲ್ಲ. ತೋಳು ಸಡಿಲಿಸಿದ. "ನೀವು ಹೇಳಿದ್ರಿ, ನಾನು ಒಪ್ಪಿದ್ದೆ," ಅಂದ ಮೆಲ್ಲಗೆ. "ಮನೆವರೆಗೆ ಬಿಟ್ಟು ಬರ್ತೀನಿ. ಒಬ್ಬರೇ ಆ ಸದ್ದಲ್ಲಿ ಹೋಗ್ಬೇಡಿ."

ಬಾಗಿಲಿಗೆ ಹೋಗಬೇಕಾದರೆ ಕಿಟಕಿಯನ್ನು ದಾಟಬೇಕಿತ್ತು. ದಾಟುವಾಗ ಅವಳು ಹೊರಗೆ ನೋಡಿದಳು. ಅಲ್ಲಿಯವರೆಗೆ ಅವಳು ಆ ಸದ್ದನ್ನು ಕೇಳಿದ್ದಳೇ ಹೊರತು ಕಂಡಿರಲಿಲ್ಲ. ಆಗ ತಾಯಿ ಕಿಟಕಿ ಮುಚ್ಚಿದ್ದಳು.

ಕುದುರೆಗೆ ನೀರು ಕುಡಿಸುವ ತೊಟ್ಟಿಯಲ್ಲಿ ಗ್ರೆಗ್ವಾರ್ ಅಂಗಾತ ಬಿದ್ದಿದ್ದ, ಎರಡು ಬೂಟುಗಾಲು ಆಕಾಶಕ್ಕೆ. ರೊಟ್ಟಿ ಅಂಗಡಿಯವನ ಒಂದು ಚಪ್ಪಲಿ ಹೋಗಿತ್ತು. ಅಗಸಗಿತ್ತಿಯ ಜಡೆ ಬಿಚ್ಚಿ, ಬಕೀಟು ಕಾಲಿಗೆ ಸಿಕ್ಕಿಕೊಂಡು, ಅವಳು ಕುಂಟುತ್ತಲೇ ನಗುತ್ತಿದ್ದಳು. ಫಿಲೊಮೆನ್ ಮುಖ ದಾಳಿಂಬೆಯ ಹಾಗೆ ಕೆಂಪಾಗಿ, ಟೋಪಿ ಬೆನ್ನಿಗೆ ಜಾರಿ, ಪೀಚ್ ಹೂವಿನ ಎಸಳುಗಳು ನರೆಗೂದಲಿಗೆ ಅಂಟಿಕೊಂಡು, ತೊಟ್ಟಿಯ ಕಟ್ಟೆಯ ಮೇಲೆ ನಿಂತು ಬಡಿಯುತ್ತಿದ್ದಳು. ಅವಳೂ ನಗುತ್ತಿದ್ದಳು, ತಾನು ನಗುತ್ತಿದ್ದೇನೆಂದು ಅವಳಿಗೆ ಗೊತ್ತಿದ್ದಂತೆ ಕಾಣಲಿಲ್ಲ.

ಇವರೇನಾ, ಅನ್ನಿಸಿತು ಒಕ್ತಾವಿಗೆ. ಇಷ್ಟೇನಾ.

ಅವಳು ಹಿಂದಕ್ಕೆ ಬಂದು ಮೇಯರ್ ಮುಂದೆ ನಿಂತಳು. ಬಾಯಲ್ಲಿ ಸೂಜಿ ಇರಲಿಲ್ಲ.

"ಹೌದು!" ಅಂದಳು. ತಪ್ಪಲೆಗಳನ್ನು ಮೀರಿಸಬೇಕಾದ್ದರಿಂದ ಕೂಗಿಯೇ ಹೇಳಬೇಕಾಯಿತು. ಮೇಯರ್ ಒಂದು ಹೆಜ್ಜೆ ಹಿಂದೆ ಸರಿದ.

*

ಚೌಕದ ಚೆಸ್ಟ್‌ನಟ್ ಮರದ ನೆರಳಲ್ಲಿ ಪೀಪಾಯಿ ಇತ್ತು, ರೊಟ್ಟಿ ಇತ್ತು, ಸಾಸೇಜಿನ ಸರ ಇತ್ತು. ಓಡಿದವರ ನಾಲಗೆ ಅಂಗುಳಕ್ಕೆ ಅಂಟಿತ್ತು. ಗುಪಿಲ್ ಎಲ್ಲರನ್ನೂ ಅಪ್ಪಿಕೊಳ್ಳುತ್ತ ತಿರುಗುತ್ತಿದ್ದ. ಕಪ್ಪು ಕೋಟಿನ ಮನುಷ್ಯನೊಬ್ಬ ಟೋಪಿ ಬದಿಗಿಟ್ಟು, ಪೀಪಾಯಿಯ ನಲ್ಲಿ ತಿರುಗಿಸಿ ಲೋಟಗಳನ್ನು ತುಂಬಿಸಿ ಕೈಗೆ ಕೊಡುತ್ತಿದ್ದ. ಲೋಟ ಕಂಡವರು ಮುಖ ನೋಡಲಿಲ್ಲ. ಫಿಲೊಮೆನ್ ಒಂದೇ ಗುಟುಕಿಗೆ ಖಾಲಿ ಮಾಡಿ ಮತ್ತೆ ಒಡ್ಡಿದಳು. ಎರಡನೆಯದು ಅರ್ಧವಾದಾಗ ಕೊಡುವವನ ಮೇಲ್ತುಟಿಯ ಎಳೆಮೀಸೆ ಕಣ್ಣಿಗೆ ಬಿತ್ತು. ಅವನ ಪಕ್ಕದಲ್ಲಿ ಬೂದು ಉಡುಪಿನ ಒಕ್ತಾವಿ.

ಫಿಲೊಮೆನ್ ಲೋಟವನ್ನು ನೋಡಿದಳು, ಕೊಪ್ಪರಿಗೆಯನ್ನು ನೋಡಿದಳು.

"ಪೀಪಾಯಿ ಯಾರದ್ದು?"

"ಕಂಪನಿದು, ಅತ್ತಿಗೆ."

"ಕೈ ಯಾರದ್ದು?"

"ನನ್ನ ಗಂಡಂದು."

ಸುತ್ತಲಿನವರು ಒಬ್ಬೊಬ್ಬರಾಗಿ ಕುಡಿಯುವುದನ್ನು ನಿಲ್ಲಿಸಿದರು. ಅಗಸಗಿತ್ತಿ ಬಾಯಲ್ಲಿದ್ದುದನ್ನು ಉಗುಳಲೇ ನುಂಗಲೇ ಎಂದು ನೋಡಿ ನುಂಗಿದಳು.

"ಕಳ್ಳೀ," ಅಂದಳು ಫಿಲೊಮೆನ್. ಕೋಪಕ್ಕೆ ಬೇಕಾದ ಉಸಿರು ಅವಳಲ್ಲಿ ಉಳಿದಿರಲಿಲ್ಲ. "ಬೀದಿಗೆ ಬೀದೀನೇ ಓಡಿಸಿ, ಸೋತು ಸುಣ್ಣ ಮಾಡಿ, ಇವನ ಕೈಲಿ ಕುಡಿಸಿದೆ."

"ನಾನು ಕುಡೀರಿ ಅನ್ಲಿಲ್ಲ. ನೀವೇ ಲೋಟ ಒಡ್ಡಿದ್ರಿ. ಪದ್ಧತಿ ಪದ್ಧತಿಯೇ ಅಂತ ನೀವೇ ಹೇಳಿದ್ದು."

"ಇನ್ನೊಂದು ಸ್ವಲ್ಪ ಹಾಕ್ಲಾ, ಅಕ್ಕಾ?" ಅಂದ ಇಸಿದೋರ್, ಬಹಳ ವಿನಯದಿಂದ.

ಫಿಲೊಮೆನ್ ಅವನನ್ನು ಕೆಳಗಿನಿಂದ ಮೇಲಿನವರೆಗೆ ಅಳೆದಳು. "ಮೀಸೆ ಬಿಡ್ತಾ ಇದ್ದೀಯಾ?"

"ಬಿಡ್ತಾ ಇದ್ದೀನಿ."

"ಅಂಥಾ ಚೆನ್ನಾಗೇನೂ ಬರ್ತಾ ಇಲ್ಲ," ಅಂದಳು. ಲೋಟವನ್ನು ಮುಂದೆ ಚಾಚಿದಳು. "ಹಾಕು. ತೂಗುಹಾಕೋದಂತೂ ಆಯ್ತು."

ಮನೆಗೆ ನಡೆಯುವಾಗ ಇಸಿದೋರ್ ಒಂದು ಕಾಲಿಗೆ ಸ್ವಲ್ಪ ಕುಂಟುತ್ತಿದ್ದ. ಹೊಸ ಬೂಟು ಕಚ್ಚುತ್ತಿತ್ತು. "ಮೊಸ್ಯೂ ಗುಪಿಲ್ ಹೇಳ್ತಿದ್ರು," ಅಂದ, "ನೀನು ಕೂಗಿದ್ದು ಚೌಕದವರೆಗೂ ಕೇಳಿಸಿತಂತೆ." ಆವರೆಗೆ ಅವನು ಅವಳನ್ನು ನೀನು ಅಂದಿರಲಿಲ್ಲ. ಒಕ್ತಾವಿ ಅವನ ತೋಳನ್ನು ಇನ್ನಷ್ಟು ಬಿಗಿಯಾಗಿ ಹಿಡಿದುಕೊಂಡಳು. ಆದರೂ ಮೂರನೆಯ ಬೆಳಿಗ್ಗೆ ಅವಳು ಅವನಿಗಿಂತ ಮುಂಚೆ ಎದ್ದು, ಕೆಳಗಿಳಿದು, ಹೊಸಿಲ ಹತ್ತಿರ ನೋಡಿದಳು. ಬೂಟು ಇತ್ತು. ನಾಲ್ಕನೆಯ ದಿನವೂ ನೋಡಿದಳು. ಅಭ್ಯಾಸವಾಗಿಹೋಯಿತು.

*

ಚೆರ್ರಿ ಮುಗಿದು ಪೀಚ್ ಕಾಯಿ ಬಲಿಯುವ ಹೊತ್ತಿಗೆ ಊರಿನ ಬಯಲಲ್ಲಿ ಸಿನಿಮಾ ಡೇರೆ ಬಂತು. ಗುಪಿಲ್ ತೆಗೆದ ಮದುವೆ ಬಂದಿದೆ ಎಂದು ಗೊತ್ತಾಗಿ ಬೀದಿಯವರೆಲ್ಲ ಭಾನುವಾರದ ಬಟ್ಟೆ ಹಾಕಿಕೊಂಡು ಶನಿವಾರವೇ ಹೋದರು. ಮುಂದಿನ ಬೆಂಚಿನಲ್ಲಿ ಫಿಲೊಮೆನ್, ಅವಳ ಹಿಂದೆ ಒಕ್ತಾವಿ, ಇಸಿದೋರ್. ದೀಪ ಆರಿತು. ಬಾಗಿಲು ತೆರೆದು ಗ್ರೆಗ್ವಾರ್ ಓಡಿದ. ಬೀದಿಗೆ ಬೀದಿಯೇ ತೆರೆಯ ಮೇಲೆ ಬಂತು.

"ಅಯ್ಯೋ ನಾನು! ನಾನು ನೋಡ್ರೋ!" ಎಂದು ರೊಟ್ಟಿ ಅಂಗಡಿಯವನು ಎದ್ದು ನಿಂತ. ಹಿಂದಿನವರು ಅವನ ಕೋಟು ಹಿಡಿದು ಕೂರಿಸಿದರು.

ಒಕ್ತಾವಿ ಕೈಕಟ್ಟಿ ಕೂತು ನೋಡಿದಳು. ಸೌಟುಗಳು ಏಳುತ್ತಿದ್ದವು, ಬೀಳುತ್ತಿದ್ದವು. ತಗಡು ತಗಡಿಗೆ ತಾಗುತ್ತಿತ್ತು, ಬಾಯಿಗಳು ತೆರೆದು ಮುಚ್ಚುತ್ತಿದ್ದವು. ಸದ್ದು ಮಾತ್ರ ಇರಲಿಲ್ಲ. ಯಂತ್ರದ ಕಟಕಟ ಅಷ್ಟೇ, ಹೊಲಿಗೆ ಯಂತ್ರದ ಹಾಗೆ. ಅವಳಿಗೆ ತಾಯಿಯ ನೆನಪಾಯಿತು. ಇದನ್ನು ತಾಯಿ ನೋಡಬೇಕಿತ್ತು.

ಫಿಲೊಮೆನಳ ಕೊಪ್ಪರಿಗೆ ಬಂತು. ಇಡೀ ತೆರೆಯ ಅಗಲಕ್ಕೆ ಬಂತು. ತೊಟ್ಟಿಯ ಕಟ್ಟೆಯ ಮೇಲೆ ನಿಂತು ಮೈಮೇಲೆ ದೇವರು ಬಂದವಳ ಹಾಗೆ ಬಡಿದಳು. ಡೇರೆಯಲ್ಲಿ ಒಂದು ಸೊಳ್ಳೆಯ ಸದ್ದೂ ಇಲ್ಲ.

"ನಿಲ್ಸಿ!" ಎಂದು ನಿಜವಾದ ಫಿಲೊಮೆನ್ ಎದ್ದಳು. "ಏನಿದು ಅನ್ಯಾಯ? ನನ್ನ ಸದ್ದು ಎಲ್ಲಿ? ಪಕ್ಕದೂರು ಬಾನ್ಯೊಲೆವರೆಗೆ ಕೇಳಿಸಿತ್ತು! ಬಾನ್ಯೊಲೆಲಿ ನನ್ನ ಚಿಕ್ಕಮ್ಮನ ಮಗ ಕಿಟಕಿ ತೆಗೆದು ನೋಡಿದ್ನಂತೆ!"

"ಕೂತ್ಕೋ ಅಜ್ಜೀ, ಕಾಣ್ಸಲ್ಲ!" ಎಂದು ಹಿಂದಿನಿಂದ ಯಾರೋ ಕೂಗಿದರು.

"ಸುಮ್ನೆ ಕೈ ಆಡಿಸೋ ಹುಚ್ಚಿ ಅಂದ್ಕೊಳ್ಳಲ್ವಾ ನೋಡಿದವರು?" ಫಿಲೊಮೆನ್ ಬೆಂಚು ದಾಟಿಕೊಂಡು ಹೊರಗೆ ಹೋದಳು. ಅವಳ ಮನೆ ಬಯಲಿನ ಪಕ್ಕದಲ್ಲೇ. ಡೇರೆಯವನು ಜನರ ಕೂಗಾಟಕ್ಕೆ ಚಿತ್ರವನ್ನು ಮೊದಲಿನಿಂದ ಹಾಕುವಷ್ಟರಲ್ಲಿ ಅವಳು ಕೊಪ್ಪರಿಗೆ ಹೊತ್ತು ತಂದು ತೆರೆಯ ಹಿಂದೆ ನುಗ್ಗಿದ್ದಳು. ಓಟ ಶುರುವಾಯಿತು, ಕೊಪ್ಪರಿಗೆ ಮೊಳಗಿತು. ತೆರೆಯ ಮೇಲಿನ ಸೌಟಿಗೂ ಹಿಂದಿನ ಸೌಟಿಗೂ ತಾಳ ಕೂಡಲಿಲ್ಲ. ಜನ ಹೊಟ್ಟೆ ಹಿಡಿದುಕೊಂಡು ನಕ್ಕರು.

ಇಸಿದೋರ್ ಕತ್ತಲಲ್ಲಿ ಗಾಬರಿಯಿಂದ ಹೆಂಡತಿಯ ಕಡೆ ತಿರುಗಿದ. ಅವಳ ಭುಜ ಅಲುಗುತ್ತಿತ್ತು. ಅಳುತ್ತಿದ್ದಾಳೆ ಅಂದುಕೊಂಡ. ಹೋಗೋಣ್ವಾ ಎಂದು ಕೇಳುವಷ್ಟರಲ್ಲಿ ಅವಳು ಅವನ ತೋಳಿಗೆ ಮುಖ ಒತ್ತಿ, ಉಸಿರು ಸಿಗದೆ, ಕಣ್ಣಲ್ಲಿ ನೀರು ಬರುವಂತೆ ನಕ್ಕಳು. ಅವಳು ಹಾಗೆ ನಕ್ಕದ್ದನ್ನು ಅವನು ಅದುವರೆಗೆ ನೋಡಿರಲಿಲ್ಲ.

ತೆರೆ ಬೆಳ್ಳಗಾದ ಮೇಲೆ ಫಿಲೊಮೆನ್ ಬೆವರು ಒರೆಸಿಕೊಂಡು ಬಂದಳು. "ಇದಕ್ಕೆ ಕೇಡಿಲ್ಲ ಬಿಡು," ಅಂದಳು ಒಕ್ತಾವಿಗೆ. "ಇದು ಮದುವೆಗಲ್ಲ, ಸಿನಿಮಾಕ್ಕೆ ಬಡಿದದ್ದು."

"ಚೆನ್ನಾಗಿ ಬಡಿದ್ರಿ, ಅತ್ತಿಗೆ."

"ಬೆಳಗಿದ ತಾಮ್ರ," ಅಂದಳು ಫಿಲೊಮೆನ್, ಹೆಮ್ಮೆಯಿಂದ.

ಭಾನುವಾರವೂ ಬಡಿದಳು, ಸೋಮವಾರವೂ ಬಡಿದಳು. ಡೇರೆಯವನು ನಿಮ್ಮ ಕೊಪ್ಪರಿಗೆ ಇಲ್ಲದೆ ಈ ಚಿತ್ರ ಸಪ್ಪೆ ಎಂದು ದುಂಬಾಲು ಬಿದ್ದ. ಸುಮ್ಮನೆ ಗೋಡೆಗೆ ತೂಗುಹಾಕಿಟ್ಟರೆ ಯಾರಿಗೇನು ಲಾಭ ಎಂದುಕೊಂಡು, ಸೌಟು ಸಮೇತ ಕೊಟ್ಟುಬಿಟ್ಟಳು.

"ಈ ಸಲ ಜಾಮ್ ಯಾವುದರಲ್ಲಿ ಕಾಯಿಸ್ತೀರಿ?" ಎಂದು ಒಕ್ತಾವಿ ಕೇಳಿದಳು.

"ನಿನ್ನದು ಇದೆಯಲ್ಲ. ಕಲಕೋಕೆ ನಿನ್ನ ಗಂಡನ್ನೂ ಕಳ್ಸು. ಬೀಳದೆ ನಿಂತ್ಕೊಳ್ಳೋದು ಕಲೀಲಿ."

ಮರುದಿನ ಬೆಳಿಗ್ಗೆ ಒಕ್ತಾವಿ ಎದ್ದು ಬಾಗಿಲು ತೆರೆದಾಗ ಡೇರೆಯ ಗಾಡಿಗಳು ಬೀದಿಯಲ್ಲಿ ಸಾಲಾಗಿ ಸಾಗುತ್ತಿದ್ದವು. ಕಡೆಯ ಗಾಡಿಯ ಹಿಂದೆ ಕಟ್ಟಿದ್ದ ಕೊಪ್ಪರಿಗೆ ಕಲ್ಲುಹಾಸಿನ ಒಂದೊಂದು ಕುಲುಕಿಗೂ ಗುಂಯ್ ಅನ್ನುತ್ತಿತ್ತು. ಅದು ತಿರುವಿನಲ್ಲಿ ಮರೆಯಾಗುವವರೆಗೆ ಅವಳು ಹೊಸಿಲಲ್ಲೇ ನಿಂತು ಕೇಳಿದಳು. ಕಾಲ ಬಳಿ ಇಸಿದೋರನ ಬೂಟು ಇದ್ದ ಜಾಗದಲ್ಲೇ ಇತ್ತು. ಮೂರು ದಿನದ ಬಡಿತದ ಮೇಲೆ ಈ ಸಲ ಬೂಟು ಮೆಟ್ಟಿ ಹೊರಟುಹೋದವನು ಡೇರೆಯವನು.